ಶೆಡ್ಡಿನಲ್ಲಿ ಹೊಸ ಜಾಡಿ

ಸ್ವೀಟ್‌ಗಮ್ ಕ್ರೀಕ್, ಅಲಬಾಮಾ
ಶನಿವಾರ, ೮ ಅಕ್ಟೋಬರ್ ೧೯೪೯

ಪ್ರೀತಿಯ ಎಜೆಲ್,

ಹೇಗಿದ್ದೀಯ? ಕಾಗದದ ಮೊದಲ ಸಾಲಿನಲ್ಲಿ ಎಲ್ಲರೂ ಕೇಳುತ್ತಾರೆ ಅಂತ ನಾನು ಇದನ್ನು ಕೇಳುತ್ತಿಲ್ಲ, ನಿಜವಾಗಿಯೂ ಕೇಳುತ್ತಿದ್ದೇನೆ. ಕೆಮ್ಮಿದಾಗ ಕರವಸ್ತ್ರಕ್ಕೆ ಏನು ಬರುತ್ತದೆ, ಅದರ ಬಣ್ಣ ಯಾವುದು, ಸಂಜೆಯ ಜ್ವರ ಇಳಿದಿದೆಯೋ ಇಲ್ಲವೋ, ಕ್ಷಯದ ಆ ಹೊಸ ಚುಚ್ಚುಮದ್ದನ್ನು ಇನ್ನೂ ಕೊಡುತ್ತಿದ್ದಾರೋ ನಿಲ್ಲಿಸಿದ್ದಾರೋ, ಎಲ್ಲವನ್ನೂ ಬಿಡಿಸಿ ಬರೆ. ಹೋದ ಸಲದ ಹಾಗೆ ‘ನಾನು ಚೆನ್ನಾಗಿದ್ದೇನೆ, ಇಲ್ಲಿನ ಮೊಟ್ಟೆ ಮಾತ್ರ ಚೆನ್ನಾಗಿಲ್ಲ’ ಅಂತ ಎರಡು ಸಾಲು ಗೀಚಿ ಕಳಿಸಿದರೆ, ನಾನೇ ಬಸ್ಸು ಹತ್ತಿ ಬಂದು, ನಮ್ಮ ಕರಿಯರ ವಾರ್ಡಿನ ಆ ದಪ್ಪ ನರ್ಸಮ್ಮನ ಎದುರಿಗೇ ನಿನ್ನ ಕಿವಿ ಹಿಂಡುತ್ತೇನೆ. ನಗಬೇಡ. ನಕ್ಕರೆ ನಿನಗೆ ಕೆಮ್ಮು ಬರುತ್ತದೆ ಅಂತ ನನಗೆ ಗೊತ್ತು.

ಇಲ್ಲಿ ನಾವು ಕ್ಷೇಮ. ಒನೀಡಾಳಿಗೆ ಮುಂದಿನ ಎರಡು ಹಲ್ಲು ಬಿದ್ದಿವೆ, ಆದರೂ ಬಾಯಿ ಮಾತ್ರ ಮುಚ್ಚುವುದಿಲ್ಲ. ಭಾನುವಾರದ ಶಾಲೆಯಲ್ಲಿ ದೇವರು ಎಲ್ಲಿದ್ದಾನೆ ಅಂತ ಕೇಳಿದರೆ, ‘ನಮ್ಮಪ್ಪನ ಆಸ್ಪತ್ರೆ ಹತ್ರ, ಗುಡ್ಡದ ಮೇಲೆ’ ಅಂದಳಂತೆ. ಗೆಣಸು ಅಗೆದಾಯಿತು, ಈ ಸಲ ಗಡ್ಡೆ ಸಣ್ಣ, ಆದರೆ ಸಿಹಿ. ಹಂದಿಯನ್ನು ಮೊದಲ ಗಟ್ಟಿ ಚಳಿ ಬಿದ್ದ ಮೇಲೆ ಕಡಿಯೋಣ ಅಂತ ಮಾವ ಹೇಳಿದ್ದಾರೆ. ಸೂರಿನ ತಗಡು ನೀನು ಹೋದಾಗ ಎಲ್ಲಿ ಸೋರುತ್ತಿತ್ತೋ ಅಲ್ಲೇ ಸೋರುತ್ತಿದೆ, ನಾನು ಕೆಳಗೆ ಬಕೆಟ್ಟು ಇಟ್ಟು ಅದರ ಜೊತೆ ರಾಜಿ ಮಾಡಿಕೊಂಡಿದ್ದೇನೆ. ಇನ್ನೂ ಇಂಥ ಸುದ್ದಿಯನ್ನೇ ನಾಲ್ಕು ಹಾಳೆ ಬರೆಯಬಲ್ಲೆ. ಬರೆಯುತ್ತಾ ಇದ್ದರೆ ಹೇಳಬೇಕಾದದ್ದನ್ನು ಹೇಳುವ ಧೈರ್ಯ ಪೂರ್ತಿ ಹೋಗುತ್ತದೆ, ಅದಕ್ಕೇ ಇಲ್ಲಿಗೆ ನಿಲ್ಲಿಸುತ್ತೇನೆ.

ಎಜೆಲ್, ಈ ಹದಿನೈದು ದಿನ ನಾನು ಸತ್ತು ಹುಟ್ಟಿದ್ದೇನೆ. ನಿನ್ನ ಅಪ್ಪ ಶೆಡ್ಡಿನಲ್ಲಿ ಹೊಸ ಜಾಡಿ ಶುರು ಮಾಡಿದ್ದಾರೆ.

ಅದರಲ್ಲೇನು ವಿಶೇಷ ಅನ್ನುತ್ತೀಯ. ನಮ್ಮ ಕ್ರೀಕ್ ಊರಿನಲ್ಲಿ ಯಾರು ತೀರಿಕೊಂಡರೂ ಮಣ್ಣು ಮುಗಿಸಿ ಬಂದ ಮನೆಯವರು ಸತ್ತವರ ಚೂರುಪಾರು ಸಾಮಾನನ್ನು ಒಂದು ಹಿಟ್ಟಿನ ಚೀಲಕ್ಕೆ ಹಾಕಿ ಮಾವನ ಶೆಡ್ಡಿನ ಬಾಗಿಲಲ್ಲಿ ಇಟ್ಟು ಹೋಗುವುದು ಹೊಸದಲ್ಲ. ಬೀಗದ ಕೈ, ಕನ್ನಡಕದ ಒಂಟಿ ಗಾಜು, ಕಟ್ಟಿಸಿಕೊಂಡ ಹಲ್ಲು, ಕಾಫಿ ಕಪ್ಪಿನ ಹಿಡಿ, ಏನು ಸಿಕ್ಕರೆ ಅದು. ಮಾವ ಸೀಮೆಸುಣ್ಣದ ಪುಡಿಗೆ ಅಗಸೆ ಎಣ್ಣೆ ಹಾಕಿ ಪುಟ್ಟಿ ನಾದಿ, ಹಳೆಯ ಕಾಕಂಬಿ ಜಾಡಿಗೆ ಮೈತುಂಬ ಮೆತ್ತಿ, ಅದರೊಳಗೆ ಆ ಸಾಮಾನನ್ನು ಒಂದೊಂದಾಗಿ ಒತ್ತಿ ಕೂರಿಸುತ್ತಾರೆ. ಒಣಗಿದ ಮೇಲೆ ಜಾಡಿ ಸಮಾಧಿಯ ತಲೆಯ ಹತ್ತಿರ ಹೋಗುತ್ತದೆ. ಓಕ್ ಮರದಡಿಯ ಜಾಡಿಗಳಲ್ಲಿ ಯಾವುದು ಯಾರದ್ದೆಂದು ಹೆಸರು ಬರೆಯದಿದ್ದರೂ ನಮಗೆಲ್ಲ ಗೊತ್ತು. ಒಂದು ಮಾತ್ರ ಯಾವತ್ತೂ ತಪ್ಪಿರಲಿಲ್ಲ, ಮಣ್ಣಿಗೆ ಮೊದಲು ಜಾಡಿ ಇಲ್ಲ. ಜುಲೈಯಲ್ಲಿ ಮುದುಕಿ ಸಫ್ರೋನಿಯಾ ಹೋದಮೇಲೆ ಇಲ್ಲಿ ಯಾರೂ ಸತ್ತಿಲ್ಲ. ಬಾಗಿಲಲ್ಲಿ ಯಾರೂ ಚೀಲ ಇಟ್ಟಿಲ್ಲ. ಆದರೂ ಶೆಡ್ಡಿನಿಂದ ಅಗಸೆ ಎಣ್ಣೆಯ ವಾಸನೆ.

ಹೋದ ವರ್ಷ ಕಾಲೇಜಿನಿಂದ ಫೋಟೋ ತೆಗೆಯಲು ಬಂದಿದ್ದ ಬಿಳಿಯ ಮನುಷ್ಯ ನೆನಪಿದ್ದಾನಾ? ಬೂಟಿನ ತುಂಬ ಮುಳ್ಳುಬೀಜ ಅಂಟಿಸಿಕೊಂಡು ಸಮಾಧಿಗಳ ನಡುವೆ ಮಂಡಿಯೂರಿ ಕೂತು, ಇದು ಕಲೆ, ಇದು ಕಲೆ ಅಂತ ಉಸಿರು ಬಿಡುತ್ತಿದ್ದನಲ್ಲ. ಯಾವ ಶಾಲೆಯಲ್ಲಿ ಕಲಿತಿರಿ ಅಂತ ಮಾವನನ್ನು ಕೇಳಿದ. ‘ಯಾವ ಶಾಲೇನೂ ಇಲ್ಲ ಸಾರ್, ಕಿಟಕಿಗೆ ಗಾಜು ಕೂರಿಸ್ತಿದ್ದೆ. ಪುಟ್ಟಿ ಮಿಕ್ಕೋದು, ಬಿಸಾಕೋಕೆ ಮನಸ್ಸು ಬರ್ತಿರಲಿಲ್ಲ’ ಅಂದರು. ಒಂದು ಜಾಡಿ ಕೊಡಿ, ಗಾಜಿನ ಪೆಟ್ಟಿಗೆಯಲ್ಲಿ ಇಡುತ್ತೇವೆ ಅಂತ ಅವನು ಗೋಗರೆದ. ಮಾವ ಟೋಪಿ ತೆಗೆದು, ಬಹಳ ಮರ್ಯಾದೆಯಿಂದ, ‘ಅದರ ಯಜಮಾನ ಅಲ್ಲೇ ಕೆಳಗೆ ಮಲಗಿದ್ದಾನೆ, ಕೇಳ್ಕೊಳ್ಳಿ. ಅವನು ಹೂಂ ಅಂದ್ರೆ ನಂದೇನೂ ತಕರಾರಿಲ್ಲ’ ಅಂದರು. ನೀನು ಅವತ್ತು ಬಾವಿಯ ಹಿಂದೆ ಹೋಗಿ ನಕ್ಕು ನಕ್ಕು ಸುಸ್ತಾಗಿದ್ದೆ. ಅದೇ ಕೆಮ್ಮಿನ ಮೊದಲ ದಿನ ಅಂತ ನಾನು ಈಗ ಲೆಕ್ಕ ಹಾಕುತ್ತೇನೆ.

ಸರಿ, ಶೆಡ್ಡಿನ ವಿಷಯ. ಮಧ್ಯಾಹ್ನದ ಊಟಕ್ಕೆ ಕರೆಯಲು ಹೋದೆ. ಮಾವ ಅಲ್ಲಿರಲಿಲ್ಲ. ಕೆಲಸದ ಹಲಗೆಯ ಮೇಲೆ ಒದ್ದೆ ಚೀಲ ಮುಚ್ಚಿದ ಜಾಡಿ ಇತ್ತು. ನಾನು ಮೂಗು ತೂರಿಸುವವಳು ಅಂತ ನೀನೇ ಹೇಳುತ್ತೀಯ, ಹಾಗೆಯೇ ಆಗಲಿ, ಚೀಲ ಎತ್ತಿದೆ. ಪುಟ್ಟಿ ಇನ್ನೂ ಹಸಿ. ಕತ್ತಿನ ಕೆಳಗೆ ಒಂದು ನೀಲಿ ಗೋಲಿ. ಅದರ ಪಕ್ಕ ನಿನ್ನ ತಲೆಗೆ ಹಚ್ಚುವ ಪೊಮೇಡಿನ ಡಬ್ಬಿಯ ಮುಚ್ಚಳ. ಅದರ ಕೆಳಗೆ ಕೂಸಿನ ಬೂಟಿನ ಗುಂಡಿ, ಕವಣೆಯ ಕವಲು ಕೋಲು, ಮೊನೆ ಮುರಿದ ಆ ಪೆನ್‌ಚಾಕು, ನಾನು ಎಸೆಯಬೇಕು ಅಂದಾಗಲೆಲ್ಲ ನೀನು ಕಸದ ಬುಟ್ಟಿಯಿಂದ ಎತ್ತಿಕೊಳ್ಳುತ್ತಿದ್ದೆಯಲ್ಲ, ಅದೇ. ಎಲ್ಲ ನಿನ್ನವು. ಬೇರೆ ಯಾರದ್ದೂ ಒಂದು ಗುಂಡುಸೂಜಿ ಕೂಡ ಇಲ್ಲ. ಚೀಲವನ್ನು ಹಾಗೆಯೇ ಮುಚ್ಚಿ, ಹೊರಗೆ ಬಂದು, ಕೋಳಿಗಳಿಗೆ ಎರಡನೆಯ ಸಲ ಕಾಳು ಹಾಕಿದೆ. ಏನು ಮಾಡುತ್ತಿದ್ದೇನೆ ಅಂತ ನನಗೇ ಗೊತ್ತಿರಲಿಲ್ಲ.

ನನ್ನ ಹೆದರಿಕೆಗೆ ಇನ್ನೊಂದು ಕಾರಣವೂ ಇತ್ತು. ಅದರ ಹಿಂದಿನ ವಾರ ಮಾವ ಭಾನುವಾರದ ಸೂಟು ಹಾಕಿಕೊಂಡು, ಭಾನುವಾರವಲ್ಲದ ದಿನ, ಬಸ್ಸಿನಲ್ಲಿ ಎಲ್ಲಿಗೋ ಹೋಗಿ ಬಂದಿದ್ದರು. ಎಲ್ಲಿಗೆ ಅಂತ ಕೇಳಿದರೆ ‘ಮೊಳೆ ತರೋಕೆ’ ಅಂದರು. ಕೈಯಲ್ಲಿ ಒಂದು ಮೊಳೆಯೂ ಇರಲಿಲ್ಲ. ಮೊಳೆ ತರಲು ಯಾರು ಟೈ ಕಟ್ಟಿಕೊಳ್ಳುತ್ತಾರೆ? ನಿನ್ನ ಆಸ್ಪತ್ರೆಗೇ ಹೋಗಿದ್ದಾರೆ, ಡಾಕ್ಟರು ಗಂಡಸಿನ ಹತ್ತಿರ ಮಾತ್ರ ಹೇಳುವಂಥದ್ದನ್ನು ಹೇಳಿದ್ದಾರೆ, ಎಲ್ಲ ಗೊತ್ತಿದ್ದೂ ಸೊಸೆಗೆ ಹೇಳದೆ ನಿನ್ನ ಜಾಡಿ ಹಿಡಿದು ಕೂತಿದ್ದಾರೆ, ಇಷ್ಟೂ ನನ್ನ ತಲೆಯಲ್ಲಿ ಒಂದೇ ಏಟಿಗೆ ಬಂದು ಕೂತಿತು. ನಿನ್ನ ಎರಡು ಸಾಲಿನ ಕಾಗದವನ್ನು ಮತ್ತೆ ಮತ್ತೆ ತೆಗೆದು ನೋಡಿದೆ. ಮೊಟ್ಟೆಯ ಬಗ್ಗೆ ಬರೆದವನು ನೀನೇನಾ, ಅಥವಾ ನೀನು ಹೇಳಿ ನರ್ಸಮ್ಮ ಬರೆದಳಾ ಅಂತ ಅಕ್ಷರ ಅಕ್ಷರ ಹಿಡಿದು ನೋಡಿದೆ.

ಊರಿಗೆ ಗೊತ್ತಾಗಲು ಎಷ್ಟು ಹೊತ್ತು? ಮಾವನಿಂದ ಬೆಂಕಿಪೊಟ್ಟಣ ಕೇಳಲು ಬಂದ ಸಿಸ್ಟರ್ ಬ್ಯೂಲಾ ಬಾಗಿಲ ಸಂದಿಯಲ್ಲಿ ಜಾಡಿ ನೋಡಿದಳು. ನಮ್ಮ ಪಕ್ಕದ ಮನೆಯವಳನ್ನು ನಿನಗೆ ವರ್ಣಿಸಬೇಕಾಗಿಲ್ಲ, ಅವಳಿಗೆ ಕಾಣದ್ದು ಇಲ್ಲ, ಕಂಡದ್ದು ಉಳಿಯುವುದೂ ಇಲ್ಲ. ಮರುದಿನ ಹಿಟ್ಟಿನೊಳಗೆ ಕೋಳಿ ತುಂಬಿ ಬೇಯಿಸಿದ ಒಂದು ಪೈ ತಂದು ಕೊಟ್ಟಳು. ‘ತಗೊಳ್ಳೇ ವೀನಿ, ನೀನು ಅಡಿಗೆ ಅದೂ ಇದೂ ಅಂತ ಹಚ್ಕೋಬೇಡ, ಕೂತ್ಕೋ’ ಅಂತ ಬೆನ್ನು ಸವರಿದಳು. ಎಷ್ಟು ಒಳ್ಳೆಯವಳು, ನಾನೇ ಅವಳನ್ನು ಆಡಿಕೊಳ್ಳುತ್ತೇನಲ್ಲ ಅಂದುಕೊಂಡೆ. ತಟ್ಟೆ ತೊಳೆಯುವಾಗ ತಿರುಗಿಸಿ ನೋಡಿದರೆ, ತಳಕ್ಕೆ ಬಿಳಿ ಪಟ್ಟಿ ಅಂಟಿಸಿ ‘ಬ್ಯೂಲಾ’ ಅಂತ ಬರೆದಿದೆ. ಸುಮ್ಮನೆ ಹಂಚಿ ತಿನ್ನುವ ಊಟದ ತಟ್ಟೆಗೆ ಯಾರು ಹೆಸರು ಅಂಟಿಸುತ್ತಾರೆ? ಸಾವಿನ ಮನೆಗೆ ಹತ್ತು ಕಡೆಯಿಂದ ತಟ್ಟೆ ಬಂದಾಗ ಯಾವುದು ಯಾರದ್ದು ಅಂತ ಕಲಸಿಹೋಗಬಾರದೆಂದು ಅಂಟಿಸುವ ಪಟ್ಟಿ ಅದು. ಆ ವಾರದೊಳಗೆ ಇನ್ನಷ್ಟು ತಟ್ಟೆಗಳು ಬಂದವು, ಸೊಪ್ಪು, ಗೆಣಸಿನ ಪೈ, ಕೊಬ್ಬು ಹಾಕಿ ಬೇಯಿಸಿದ ಬೀನ್ಸು. ಎಲ್ಲದರ ಅಡಿಯಲ್ಲೂ ಹೆಸರು. ಯಾರೂ ಬಾಯಿಬಿಟ್ಟು ಏನೂ ಹೇಳಲಿಲ್ಲ, ನನ್ನ ಅಡಿಗೆಮನೆಯ ಮೇಜು ಮಾತ್ರ ನಾನು ವಿಧವೆ ಅಂತ ಹೇಳುತ್ತಿತ್ತು.

ಇವರಿಗೆಲ್ಲ ಮಾವನ ಮೇಲೆ ಅಷ್ಟು ನಂಬಿಕೆ ಯಾಕೆ ಅಂತಲೂ ನಿನಗೆ ಗೊತ್ತು. ಸಾಮಿಲ್ಲಿನಲ್ಲಿ ನಿನ್ನ ಡಾಕ್ ಚಿಕ್ಕಪ್ಪ ಗರಗಸಕ್ಕೆ ಸಿಕ್ಕಿದ ದಿನ, ಸುದ್ದಿ ಬರುವುದಕ್ಕೆ ಮೊದಲೇ ಮಾವ ಪುಟ್ಟಿ ನಾದುತ್ತಿದ್ದರಂತೆ. ಮಾವ ಇವತ್ತಿಗೂ ತಲೆ ಚಚ್ಚಿಕೊಂಡು ಹೇಳುತ್ತಾರೆ, ‘ಚರ್ಚಿನ ಕಿಟಕಿ ಒಡೆದಿತ್ತು ಕಣ್ರಪ್ಪಾ, ಪಾಸ್ಟರೇ ಕರೆದಿದ್ರು’ ಅಂತ. ಯಾರು ಕೇಳುತ್ತಾರೆ? ಅಂದಿನಿಂದ ನಿನ್ನಪ್ಪ ಅಸಾ ಟೋಲಿವರ್ ಪುಟ್ಟಿಗೆ ಕೈ ಹಾಕಿದರೆ ಸಾವು ದಾರಿಯಲ್ಲಿದೆ ಅನ್ನುವುದು ಕ್ರೀಕಿನ ಶಾಸನ. ನಾನು ಈ ಮಾತಿಗೆ ಯಾವಾಗಲೂ ನಗುತ್ತಿದ್ದೆ. ಈಗ ನಗು ಬರಲಿಲ್ಲ.

ನಮ್ಮ ಚರ್ಚಿನ ಡೀಕನ್ ರಾಸ್ಕೋನ ಸಂಗತಿ ಕೇಳು. ಕೇಳಿ ಹಾಸಿಗೆಯಲ್ಲಿ ಎದ್ದು ಕೂರಬೇಡ. ಒಂದು ಬೆಳಿಗ್ಗೆ ಕೊಡಲಿಯ ಸದ್ದಾಯಿತು. ನೋಡಿದರೆ ನಮ್ಮ ಹಿತ್ತಿಲಲ್ಲಿ ಡೀಕನ್, ಇಸ್ತ್ರಿ ಮಾಡಿದ ಅಂಗಿ, ಬಾಯಲ್ಲಿ ಆ ಬಂಗಾರದ ಹಲ್ಲು, ಯಾರೂ ಕೇಳದೆ ನಮ್ಮ ಸೌದೆ ಸೀಳುತ್ತಿದ್ದಾನೆ. ಹೆಂಡತಿ ಹೋಗಿ ವರ್ಷವಾಗಿಲ್ಲ, ಆಗಲೇ ಸೆಂಟು. ‘ಏನ್ರೀ ಡೀಕನ್, ದಾರಿ ತಪ್ಪಿ ಬಂದ್ರಾ?’ ಅಂದೆ. ‘ಒಂಟಿ ಹೆಂಗಸಿಗೆ ಚಳಿಗಾಲಕ್ಕೆ ಸೌದೆ ಬೇಕಲ್ಲಮ್ಮಾ ಲೂವೀನಿಯಾ’ ಅಂದ. ‘ನಾನು ಒಂಟಿ ಅಂತ ಯಾರು ಹೇಳಿದ್ದು? ನನ್ನ ಗಂಡ ಬದುಕಿದ್ದಾನೆ’ ಅಂದೆ. ‘ಹೌದೌದು, ದೇವರಿಗೆ ಸ್ತೋತ್ರ. ಸದ್ಯಕ್ಕೆ’ ಅಂದ. ಆ ‘ಸದ್ಯಕ್ಕೆ’ ಕೇಳಿದ ಮೇಲೆ ನಾನು ಕೈಗೆ ಸಿಕ್ಕಿದ ಪೊರಕೆ ಎತ್ತಿಕೊಂಡೆ. ಬೇಲಿ ದಾಟುವಾಗ ಅವನ ಇಸ್ತ್ರಿ ಅಂಗಿ ತಂತಿಗೆ ಸಿಕ್ಕಿ ಹರಿಯಿತು. ಒಂದು ಕ್ಷಣ ಬಹಳ ಖುಷಿಯಾಯಿತು, ಆಮೇಲೆ ಮೆಟ್ಟಿಲ ಮೇಲೆ ಕೂತು ಅತ್ತೆ. ಅವನು ಸೀಳಿದ ಸೌದೆಯನ್ನು ಒಲೆಗೆ ಇಡಲು ಮನಸ್ಸು ಬರದೆ ಹಾಗೆಯೇ ಬಿಟ್ಟಿದ್ದೇನೆ.

ಅದಾದ ಮೇಲೆ ನಾನು ಮಾಡಿದ್ದು ಹುಚ್ಚುತನ, ಆದರೆ ಬೇರೆ ಏನು ಮಾಡಬೇಕೆಂದು ಹೊಳೆಯಲಿಲ್ಲ. ಮಾವ ಪ್ರಾರ್ಥನೆಯ ಕೂಟಕ್ಕೆ ಹೋದಾಗ ಶೆಡ್ಡಿಗೆ ನುಗ್ಗಿ ಚಮಚದಿಂದ ನೀಲಿ ಗೋಲಿಯನ್ನು ಕಿತ್ತು ತೆಗೆದೆ. ಜಾಡಿ ಪೂರ್ತಿಯಾಗದಿದ್ದರೆ ನೀನು ಸಾಯುವ ಹಾಗಿಲ್ಲ ಅನ್ನುವುದು ನನ್ನ ಲೆಕ್ಕ. ಮರುದಿನ ನೋಡಿದರೆ ಗೋಲಿ ಮತ್ತೆ ಅದೇ ಜಾಗದಲ್ಲಿ! ನಾನು ಹಿಟ್ಟಿನ ಡಬ್ಬಿಯೊಳಗೆ ಹೂತಿಟ್ಟಿದ್ದೆ. ಮುದುಕ ನನ್ನ ಹಿಟ್ಟಿನ ಡಬ್ಬಿಯನ್ನೇ ಜಾಲಾಡಿದ್ದಾರೆ. ಆಮೇಲೆ ಮುಚ್ಚಳ ಕಿತ್ತೆ, ಅದೂ ವಾಪಸ್ಸು ಬಂತು. ಗುಂಡಿ ಕಿತ್ತು ನನ್ನ ಒಳಲಂಗದ ಅಂಚಿಗೆ ಹೊಲಿದುಕೊಂಡೆ, ಅದನ್ನು ಮಾತ್ರ ಅವರು ಹೇಗೆ ತಾನೆ ತೆಗೆದಾರು? ಆ ಜಾಗವನ್ನು ಖಾಲಿ ಬಿಟ್ಟರು. ಊಟದ ಮೇಜಿನಲ್ಲಿ ಅವರು ಮೆಕ್ಕೆಜೋಳದ ಕಾರ್ನ್‌ಬ್ರೆಡ್ಡನ್ನು ಮಜ್ಜಿಗೆಗೆ ಕಿವುಚಿ ಕಿವುಚಿ ಕಲಸುತ್ತಿದ್ದರು, ನಾನು ಉಪ್ಪು ಬೇಕಾ ಅಂತ ಕೇಳುತ್ತಿದ್ದೆ, ಒನೀಡಾ ನಮ್ಮಿಬ್ಬರ ಮುಖವನ್ನು ಪಿಳಿಪಿಳಿ ನೋಡುತ್ತಿದ್ದಳು.

ಗುರುವಾರ ಅಂಚೆಯವನು ಬಂದ. ನಿನ್ನ ಕಾಗದ ಇರಲಿಲ್ಲ. ನಮ್ಮ ಗೇಟಿನ ಹತ್ತಿರ ಅವನು ಸೈಕಲ್ಲು ನಿಧಾನ ಮಾಡಿ, ಟೋಪಿಗೆ ಕೈ ಮುಟ್ಟಿಸಿ, ತಲೆ ತಗ್ಗಿಸಿ ಹೋದ. ಅಷ್ಟೇ. ನನಗೆ ಇನ್ನು ತಡೆಯಲಾಗಲಿಲ್ಲ. ನಟ್ಟ ನಡು ಹಗಲಿನಲ್ಲಿ, ಮಾವ ಎದುರಿಗೇ ಕೂತಿದ್ದ ಹಾಗೆಯೇ, ಶೆಡ್ಡಿಗೆ ಹೋಗಿ ಜಾಡಿಯನ್ನು ಎರಡೂ ಕೈಯಲ್ಲಿ ತಲೆಯ ಮೇಲಕ್ಕೆ ಎತ್ತಿದೆ. ನೆಲಕ್ಕೆ ಅಪ್ಪಳಿಸಿ ಚೂರುಚೂರು ಮಾಡುವುದೇ ಅಂತ ನಿಶ್ಚಯ ಮಾಡಿದ್ದೆ. ಪುಟ್ಟಿ ಹಸಿಯಾಗಿದ್ದರಿಂದ ಬೆರಳು ಜಾರುತ್ತಿತ್ತು. ‘ಎಜೆಲ್‌ಗೆ ಏನಾಗಿದೆ ಹೇಳಿ! ನಾನು ಅವನ ಹೆಂಡ್ತಿ! ನೀವು ಆಸ್ಪತ್ರೆಗೆ ಹೋಗಿ ಏನು ಕೇಳ್ಕೊಂಡು ಬಂದ್ರಿ?’ ಅಂತ ಕಿರುಚಿದೆ. ನಾನು ಅವರ ಎದುರು ದನಿ ಎತ್ತಿದವಳಲ್ಲ, ನಿನಗೆ ಗೊತ್ತು.

ಅವರು ಏಳಲಿಲ್ಲ. ನನ್ನನ್ನೇ ನೋಡಿ, ‘ವೀನಿ, ಇಳಿಸಮ್ಮಾ ಅದನ್ನ. ಅದು ಎಜೆಲ್‌ದಲ್ಲ, ನಂದು’ ಅಂದರು.

ನನಗೆ ಅರ್ಥವೇ ಆಗಲಿಲ್ಲ, ಜಾಡಿಯನ್ನು ಎದೆಯ ಮಟ್ಟಕ್ಕೆ ಇಳಿಸಿದೆ. ‘ನಿಮ್ಮದಾ? ಇದರಲ್ಲಿ ಇರೋದೆಲ್ಲ ಅವನ ಸಾಮಾನು’ ಅಂದೆ. ಆಗ ಅವರು ಜಾಡಿಯನ್ನು ನನ್ನ ಕೈಯಿಂದ ತೆಗೆದುಕೊಂಡು ಮಡಿಲಲ್ಲಿ ಇಟ್ಟುಕೊಂಡರು, ಕೂಸನ್ನು ಇಟ್ಟುಕೊಂಡ ಹಾಗೆ. ‘ಕ್ರೀಕಿನೋರಿಗೆಲ್ಲ ನಾನು ಮಾಡಿದೆ. ನಂದನ್ನ ಯಾರು ಮಾಡ್ತಾರೆ? ಅದಕ್ಕೆ ನಾನೇ ಶುರು ಹಚ್ಕೊಂಡೆ. ಜಾಡಿಗೆ ಹಾಕೋಕೆ ನಂದು ಅಂತ ಏನಿದೆ ಹೇಳು. ಪುಟ್ಟಿ ಚಾಕು ಇದೆ, ಅದು ಇನ್ನೂ ಕೆಲಸಕ್ಕೆ ಬೇಕು. ಟೋಪಿ ಇದೆ, ಅದು ಪುಟ್ಟಿಗೆ ಅಂಟಲ್ಲ’ ಅಂದರು. ಆಮೇಲೆ ಗೋಲಿಯ ಮೇಲೆ ಬೆರಳಿಟ್ಟರು. ‘ಇದು ಅವನ ಗಂಟಲಲ್ಲಿ ಸಿಕ್ಕೊಂಡಿತ್ತು. ಮುಖ ನೀಲಿ ಆಗೋಗಿತ್ತು. ಕಾಲು ಹಿಡಿದು ತಲೆಕೆಳಗೆ ಮಾಡಿ ಬೆನ್ನಿಗೆ ಬಾರಿಸಿದೆ, ಟಣ್ ಅಂತ ಬಿತ್ತು. ಅವನಮ್ಮ ಹೋಗಿ ಆಗ ತಿಂಗಳಾಗಿರಲಿಲ್ಲ, ಇವನೂ ಹೋದ ಅಂದ್ಕೊಂಡೆ. ಗೋಲಿ ಆಡಿದ್ದು ಅವನು ವೀನಿ, ಆದ್ರೆ ಅದನ್ನ ಹೊರಗೆ ತೆಗೆದೋನು ನಾನು. ಹಾಗಾದ್ರೆ ಅದು ಯಾರದ್ದು?’ ಅಂದರು. ಬೂಟಿನ ಗುಂಡಿ ಅವರ ಕೈಯ ಹೊಲಿಗೆಯಂತೆ, ದೊಡ್ಡ ಬೆರಳಿಗೆ ಸೂಜಿ ಸಿಕ್ಕದೆ ಯಾವಾಗಲೂ ಸೊಟ್ಟಗೆ ಕೂರುತ್ತಿತ್ತಂತೆ. ಚಾಕುವಿನ ಮೊನೆ ಮುರಿದದ್ದು, ನಿನಗೆ ಆ ಕವಣೆಯ ಕೋಲು ಕೆತ್ತುವುದನ್ನು ಕಲಿಸುವಾಗ. ಪೊಮೇಡು, ನೀನು ನನ್ನನ್ನು ನೋಡಲು ನಮ್ಮ ಮನೆಗೆ ಮೊದಲ ಸಲ ಬಂದ ದಿನ ಅವರೇ ತೆಗೆಸಿಕೊಟ್ಟದ್ದಂತೆ. ಒಂದೇ ಸಲಕ್ಕೆ ಅರ್ಧ ಡಬ್ಬಿ ಮೆತ್ತಿಕೊಂಡು ಹೊರಟೆಯಂತೆ. ಅದಕ್ಕೇ ಅವತ್ತು ನಿನ್ನ ಹಿಂದೆ ಅಷ್ಟೊಂದು ನೊಣ ಬಂದಿದ್ದವು.

ಎಜೆಲ್, ನಾನು ನಕ್ಕೆ. ಗೋಡೆ ಹಿಡಿದುಕೊಂಡು ನಕ್ಕೆ, ಅಳುತ್ತಲೂ ಇದ್ದೆ. ನೀನು ಸಾಯುವುದಿಲ್ಲ ಅನ್ನುವುದೊಂದೇ ನನ್ನ ಕಿವಿಗೆ ಬಿದ್ದದ್ದು. ಮನೆಯೊಳಗೆ ಹೋಗಿ ಒಳಲಂಗದ ಅಂಚು ಬಿಚ್ಚಿ, ಗುಂಡಿಯನ್ನು ತಂದು ಅವರ ಕೈಗೆ ಕೊಟ್ಟೆ. ‘ಎಲ್ಲಿತ್ತು ಇದು? ನಾನು ಮನೆಯೆಲ್ಲ ಹುಡುಕಿದೆ’ ಅಂದರು. ಎಲ್ಲಿತ್ತು ಅಂತ ನಾನು ಹೇಳಲಿಲ್ಲ. ಸಂಜೆ ಬ್ಯೂಲಾಳ ಮನೆಗೆ ಹೋಗಿ, ಅವಳ ತಟ್ಟೆಯನ್ನು ಹೆಸರಿನ ಪಟ್ಟಿ ಮೇಲೆ ಮಾಡಿ ಮೇಜಿನ ಮೇಲೆ ಇಟ್ಟು, ‘ನನ್ನ ಗಂಡನಿಗೆ ಈಗ ಹಸಿವು ಚೆನ್ನಾಗಿದೆಯಂತೆ, ಮುಂದಿನ ಪೈ ಅವನಿಗೇ ಕಳಿಸು’ ಅಂದೆ. ತನ್ನ ಜಾಡಿಯನ್ನು ತಾನೇ ಮಾಡಿಟ್ಟುಕೊಳ್ಳುವುದು ಮುದುಕರ ಹುಚ್ಚು, ಅಷ್ಟೇ. ಶವಪೆಟ್ಟಿಗೆಯನ್ನು ಮೊದಲೇ ಮಾಡಿಸಿ ಅಟ್ಟದ ಮೇಲಿಟ್ಟು ಅದರಲ್ಲಿ ಬೀಜದ ಬಟಾಣಿ ತುಂಬಿಟ್ಟವರೂ ನಮ್ಮಲ್ಲಿ ಇದ್ದಾರಲ್ಲ. ಮಾವ ಚೆನ್ನಾಗಿದ್ದಾರೆ. ವಯಸ್ಸಿಗೆ ತಕ್ಕ ಹಾಗೆ ಇದ್ದಾರೆ.

ನೀನು ಡಾಕ್ಟರು ಹೇಳಿದಷ್ಟು ದಿನ ಹಾಸಿಗೆಯಲ್ಲಿ ಇರು. ಮೊಟ್ಟೆ ಹೇಗಿದ್ದರೂ ತಿನ್ನು. ಕಿಟಕಿ ತೆರೆದು ಮಲಗಿಸುತ್ತಾರಂತಲ್ಲ, ಈ ಪೊಟ್ಟಣದಲ್ಲಿ ಉಣ್ಣೆಯ ಕಾಲುಚೀಲ ಇಟ್ಟಿದ್ದೇನೆ, ಎರಡು ಜೊತೆ ಒಟ್ಟಿಗೆ ಹಾಕಿಕೋ. ಒನೀಡಾ ತನ್ನ ಎರಡೂ ಹಲ್ಲನ್ನು ನಿನಗೆ ಕಳಿಸಬೇಕೆಂದು ಹಟ ಹಿಡಿದಿದ್ದಳು, ಅಪ್ಪ ಬಂದು ಇಲ್ಲೇ ನೋಡಲಿ ಅಂತ ತೆಗೆದಿಟ್ಟಿದ್ದೇನೆ. ಪಾಸ್ಟರು ಪ್ರತಿ ಭಾನುವಾರ ನಿನ್ನ ಹೆಸರು ಹೇಳುತ್ತಾರೆ, ಡೀಕನ್ ರಾಸ್ಕೋ ಎಲ್ಲರಿಗಿಂತ ಜೋರಾಗಿ ‘ಆಮೆನ್’ ಅನ್ನುತ್ತಾನೆ. ಮೇಲಿನವನು ನಿನ್ನ ಎದೆಯ ಮೇಲೆ ತನ್ನ ಕೈ ಇಟ್ಟು ಕಾಯಲಿ.

ನಿನ್ನ ಬರುವಿಕೆಯನ್ನೇ ಕಾಯುತ್ತಿರುವ,
ಲೂವೀನಿಯಾ

ತಾ.ಕ.: ಈ ಕಾಗದ ಒಯ್ಯುವ ಬ್ಯೂಲಾಳ ಮೈದುನ ಗೇಟಿನಲ್ಲಿ ಲಾರಿಯ ಹಾರನ್ನು ಒತ್ತುತ್ತಿದ್ದಾನೆ, ಅಕ್ಷರ ಹೇಗಿದ್ದರೂ ಓದಿಕೋ. ಮೇಲೆ ಬರೆದದ್ದರಲ್ಲಿ ಒಂದು ಸುಳ್ಳು. ಮಾವ ಚೆನ್ನಾಗಿಲ್ಲ. ಸೂಟು ಹಾಕಿಕೊಂಡು ಹೋದದ್ದು ನಿನ್ನ ಆಸ್ಪತ್ರೆಗಲ್ಲ, ಪಟ್ಟಣದ ಡಾಕ್ಟರ ಹತ್ತಿರಕ್ಕೆ. ಹೊಟ್ಟೆಯಲ್ಲಿ ನಿಂಬೆಹಣ್ಣಿನಷ್ಟು ದೊಡ್ಡದು ಬೆಳೆದಿದೆಯಂತೆ, ಕತ್ತರಿಸಿ ಪ್ರಯೋಜನ ಇಲ್ಲವಂತೆ. ಮಜ್ಜಿಗೆ ಬಿಟ್ಟು ಏನೂ ಒಳಗೆ ನಿಲ್ಲುತ್ತಿಲ್ಲ. ಕ್ರಿಸ್‌ಮಸ್ಸನ್ನು ನೋಡಿದರೆ ಹೆಚ್ಚು. ನಿನಗೆ ಬರೆಯಕೂಡದು ಅಂತ ಬೈಬಲ್ಲಿನ ಮೇಲೆ ನನ್ನ ಕೈ ಇಡಿಸಿಕೊಂಡಿದ್ದಾರೆ, ದೇವರು ನನ್ನನ್ನು ಏನು ಬೇಕಾದರೂ ಮಾಡಲಿ. ಜಾಡಿಯಲ್ಲಿ ನಿನ್ನ ಹಳೆಯ ಕಾಲದ್ದೇ ಎಲ್ಲ ಇದೆ, ಈಗಿನ ನಿನ್ನದು ಏನೂ ಇಲ್ಲ, ಅದಕ್ಕಾಗಿ ಮುಂದುಗಡೆ ಒಂದು ಜಾಗ ಬಿಟ್ಟು ದಿನವೂ ಅದನ್ನೇ ಸವರುತ್ತಾ ಕೂರುತ್ತಾರೆ. ಕಾಲುಚೀಲದೊಳಗೆ ನಶ್ಯದ ಡಬ್ಬಿ ಇದೆ, ಅದರಲ್ಲಿ ಎಣ್ಣೆ ಕಾಗದ ಸುತ್ತಿದ ಹಸಿ ಪುಟ್ಟಿ ಇದೆ. ಬಲಗೈ ಹೆಬ್ಬೆರಳನ್ನು ಗಟ್ಟಿಯಾಗಿ ಒತ್ತಿ ಇದೇ ಲಾರಿಯವನ ಕೈಯಲ್ಲಿ ವಾಪಸ್ಸು ಕಳಿಸು. ಹೆಬ್ಬೆರಳಿನ ಗುರುತನ್ನು ಮಾತ್ರ ಕಳಿಸು. ನೀನು ಬರಬೇಡ. ಇದನ್ನು ಓದುತ್ತಿರುವಾಗಲೇ ನಿನ್ನ ಕಾಲು ಮಂಚದಿಂದ ಇಳಿದಿರುತ್ತದೆ, ನನಗೆ ಗೊತ್ತು, ಮೇಲಕ್ಕೆ ಇಟ್ಟುಕೋ. ಈಸ್ಟರ್‌ಗೆ ನೀನು ಹೀಗೇ ಆಸ್ಪತ್ರೆಯ ಚಪ್ಪಲಿಯಲ್ಲೇ ಓಡಿ ಬಂದು ಅಡಿಗೆಮನೆಯ ನೆಲದ ತುಂಬ ರಕ್ತ ಕಾರಿದೆ. ಇನ್ನೊಂದು ಸಲ ಗೇಟು ದಾಟಿದರೆ ಮಂಚ ಬೇರೆಯವರಿಗೆ, ಚುಚ್ಚುಮದ್ದು ಇಲ್ಲ ಅಂತ ಆಸ್ಪತ್ರೆಯವರು ಹೇಳಿಯೇ ಕಳಿಸಿದ್ದಾರೆ. ನಿನ್ನಪ್ಪನಿಗೆ ನೀನು ಬೇಕು, ನನಗೆ ಗೊತ್ತು, ಅವರನ್ನು ನೋಡಿದಾಗಲೆಲ್ಲ ನಿನ್ನನ್ನು ಕರೆಸಿಬಿಡಲಾ ಅನ್ನಿಸುತ್ತದೆ, ಆದರೂ ಬೇಡ ಅನ್ನುತ್ತಿದ್ದೇನೆ, ಬೇಕಾದರೆ ಜೀವಮಾನವೆಲ್ಲ ನನ್ನನ್ನು ಬೈಯಿ. ನೀನು ಬಂದರೆ ಈ ಮನೆಗೆ ಎರಡು ಜಾಡಿ ಬೇಕಾಗುತ್ತದೆ ಎಜೆಲ್. ಎರಡನೆಯದನ್ನು ಮಾಡುವವರು ಆಗ ಕ್ರೀಕಿನಲ್ಲಿ ಯಾರೂ ಇರುವುದಿಲ್ಲ.